ಆಫ್ ಮಾಡಿ ಆನ್ ಮಾಡಮ್ಮ

ಅಮ್ಮನ ಫೋನ್ ಬಂದಾಗ ನಾನು ಎಲೆಕ್ಟ್ರಾನಿಕ್ ಸಿಟಿಯ ಆಫೀಸಿನ ಲ್ಯಾಬಿನಲ್ಲಿದ್ದೆ. ಊಟ ಮುಗಿಸಿ ಬಂದು ಇನ್ನೂ ಅರ್ಧ ಗಂಟೆಯಾಗಿರಲಿಲ್ಲ.

"ಕರೆಂಟ್ ಹೋಗಿ ಬಂತು ಕಣೇ. ಲ್ಯಾಪ್‌ಟಾಪು ನೀಲಿ ಪರದೆ ತೋರಿಸ್ಕೊಂಡು ನಿಂತ್ಬಿಟ್ಟಿದೆ," ಅಂದಳು.

ಆ ಲ್ಯಾಪ್‌ಟಾಪಿನ ಬ್ಯಾಟರಿ ಕೆಟ್ಟು ವರ್ಷದ ಮೇಲಾಗಿತ್ತು. ಗೋಡೆಯ ಪ್ಲಗ್ಗಿನಲ್ಲಿ ಕರೆಂಟ್ ಇರುವಷ್ಟು ಹೊತ್ತು ಮಾತ್ರ ಅದಕ್ಕೆ ಜೀವ. ಬೊಮ್ಮಸಂದ್ರದ ನಮ್ಮ ಬೀದಿಯಲ್ಲಿ ಕರೆಂಟ್ ಹೋಗಿ ಬರುವುದು ಸುದ್ದಿಯೇ ಅಲ್ಲ. ನಾನು ಎದುರಿಗಿದ್ದ ಮಾನಿಟರಿನಿಂದ ಕಣ್ಣು ಕೀಳದೆ, "ಆಫ್ ಮಾಡಿ ಆನ್ ಮಾಡಮ್ಮ, ಸರಿಹೋಗತ್ತೆ," ಅಂದೆ.

ಇಪ್ಪತ್ತು ನಿಮಿಷಕ್ಕೆ ಮತ್ತೆ ಫೋನ್ ಬಂತು. ಏನೋ ರಿಪೇರಿ ಮಾಡ್ತಿದೀನಿ ಅಂತ ತೋರಿಸಿ ಮತ್ತೆ ನೀಲಿಗೇ ಬಂದು ನಿಂತಿದೆಯಂತೆ. ಮತ್ತೆ ಅದನ್ನೇ ಹೇಳಿದೆ. ಮೂರನೇ ಸಲವೂ ಅದನ್ನೇ. ನಾಲ್ಕನೇ ಸಲ ಅವಳ ದನಿ ಸಣ್ಣಗಾಗಿತ್ತು. "ಇನ್ನೊಂದ್ಸಲ ಮಾಡ್ಲಾ?"

"ಮಾಡು. ಮಾಡಿ ಸ್ವಲ್ಪ ಹೊತ್ತು ಹಾಗೇ ಬಿಟ್ಟಿರು," ಅಂದೆ.

ಆ ಲ್ಯಾಪ್‌ಟಾಪಿನೊಳಗೆ ಫೈಲುಗಳನ್ನೆಲ್ಲ ಹಿಡಿದಿಡುವ ಡ್ರೈವ್ ನಮ್ಮ ತಂಡದ್ದೇ. ಅದರ ಒಳಗೆ ನಡೆಯುವ ಸಾಫ್ಟ್‌ವೇರಿನ ಒಂದು ದೊಡ್ಡ ಪಾಲು ನಾನು ಬರೆದದ್ದು. ಆಫ್ ಮಾಡಿ ಆನ್ ಮಾಡು ಎಂಬ ಆ ಮಾತನ್ನು ಆಡಬಾರದು ಎಂದು ಈ ಇಡೀ ಊರಿನಲ್ಲಿ ಹನ್ನೆರಡು ಜನಕ್ಕೆ ಗೊತ್ತಿರಬೇಕಿತ್ತು. ಅವರಲ್ಲಿ ನಾನೊಬ್ಬಳು.

ಅಮ್ಮ ಸರ್ಕಾರಿ ಆರೋಗ್ಯ ಸಹಾಯಕಿಯಾಗಿದ್ದವಳು. ಬೊಮ್ಮಸಂದ್ರ, ಚಂದಾಪುರದ ಸುತ್ತಲ ಹಳ್ಳಿಗಳಲ್ಲಿ ಅವಳನ್ನು ಎಲ್ಲರೂ ನರ್ಸಮ್ಮ ಎಂದೇ ಕರೆಯುತ್ತಿದ್ದರು. ಹೆರಿಗೆಗೆ, ಬಾಣಂತಿಯರನ್ನು ನೋಡಲಿಕ್ಕೆ, ಮಕ್ಕಳಿಗೆ ಚುಚ್ಚುಮದ್ದು ಹಾಕಲಿಕ್ಕೆ ಮನೆಮನೆಗೆ ಹೋಗುತ್ತಿದ್ದಳು. ಹೋದಲ್ಲೆಲ್ಲ ಹೆಂಗಸರು ಹಾಡುತ್ತಿದ್ದರು: ಬೀಸುವಾಗ, ನಾಟಿ ಹಾಕುವಾಗ, ತೊಟ್ಟಿಲು ತೂಗುವಾಗ. ಕೆಲಸಕ್ಕೆ ಸೇರಿದ ಎರಡನೇ ವರ್ಷ ಅಮ್ಮ ಒಂದು ಸಣ್ಣ ಟೇಪ್ ರೆಕಾರ್ಡರ್ ಕೊಂಡಳು. ಯಾರೂ ಹೇಳಿದ್ದಲ್ಲ, ಯಾರಿಗೂ ಬೇಕಾಗಿದ್ದಲ್ಲ. ಚುಚ್ಚುಮದ್ದಿನ ಡಬ್ಬದ ಪಕ್ಕ ಅದನ್ನಿಟ್ಟುಕೊಂಡು ಇಪ್ಪತ್ತಾರು ವರ್ಷ ತಿರುಗಿದಳು. ನಿವೃತ್ತಳಾದಾಗ ಮನೆಯಲ್ಲಿ ನೂರಾ ನಲವತ್ತಕ್ಕೂ ಹೆಚ್ಚು ಕ್ಯಾಸೆಟ್ ಇದ್ದವು.

ಅಷ್ಟರಲ್ಲಿ ಆ ಗದ್ದೆಗಳ ಮೇಲೆ ಕಾರ್ಖಾನೆ ಎದ್ದಿದ್ದವು. ಹಾಡಿದವರ ಮಕ್ಕಳು ಬಾಡಿಗೆ ಮನೆ ಕಟ್ಟಿಸಿದ್ದರು. ಹಾಡಿದವರು ಒಬ್ಬೊಬ್ಬರಾಗಿ ಹೋಗುತ್ತಿದ್ದರು. ಕ್ಯಾಸೆಟ್ಟುಗಳಿಗೆ ಬೂಷ್ಟು ಹಿಡಿಯತೊಡಗಿದಾಗ ಅಮ್ಮ ಒಂದೊಂದನ್ನೇ ಒರೆಸಿ, ಟೇಪ್ ರೆಕಾರ್ಡರಿನಲ್ಲಿ ಓಡಿಸಿ, ಲ್ಯಾಪ್‌ಟಾಪಿಗೆ ಇಳಿಸಿಕೊಂಡಳು. ಎರಡು ವರ್ಷ ಹಿಡಿಯಿತು. ಎಷ್ಟೋ ರೀಲುಗಳು ಓಡುತ್ತಲೇ ತುಂಡಾದವು. ಆ ಒಂದು ಸಲ ಓಡಿದ್ದೇ ಕೊನೆ. ಎಲ್ಲ ಮುಗಿದ ಮೇಲೆ ಕ್ಯಾಸೆಟ್ಟಿನ ಚೀಲಗಳನ್ನು ಗುಜರಿಯವನಿಗೆ ಕೊಟ್ಟೆವು. ಕೊಡು ಅಂದವಳು ನಾನೇ.

ಆ ಹಳೇ ಲ್ಯಾಪ್‌ಟಾಪು ನಿಧಾನವಾಗಿತ್ತು. ಅದರ ತಿರುಗುವ ಹಾರ್ಡ್‌ಡಿಸ್ಕ್ ತೆಗೆದು ನಮ್ಮ ಹೊಸ ಡ್ರೈವ್ ಹಾಕಿ, ಹಾಡುಗಳನ್ನೆಲ್ಲ ಅದಕ್ಕೆ ಇಳಿಸಿಕೊಟ್ಟೆ. ಮಾರುಕಟ್ಟೆಗೆ ಹೋಗುವ ಮುಂಚೆ ಕೆಲವು ಡ್ರೈವ್‌ಗಳನ್ನು ನಾವೇ ಮನೆಯಲ್ಲಿ ಬಳಸಿ ನೋಡುವುದು ರೂಢಿ. ಲ್ಯಾಪ್‌ಟಾಪ್ ಕಣ್ಣು ಮಿಟುಕಿಸುವುದರೊಳಗೆ ಎದ್ದು ನಿಂತಾಗ ಅಮ್ಮ, "ಇದು ನೀನು ಮಾಡಿದ್ದಾ?" ಅಂದಳು. ನನಗೆ ಹೆಮ್ಮೆಯಾಯಿತು. ಹಳೇ ಹಾರ್ಡ್‌ಡಿಸ್ಕನ್ನು ಅಳಿಸಿ ಲ್ಯಾಬಿನ ಪರೀಕ್ಷೆಗೆ ಒಯ್ದೆ. ಹಾಡುಗಳನ್ನು ಇನ್ನೊಂದು ಕಡೆ ಕಾಪಿ ಮಾಡಿಕೊಡ್ತೀನಿ, ಈ ಭಾನುವಾರ ಮಾಡ್ತೀನಿ ಎಂದಿದ್ದೆ. ಮೂರು ಭಾನುವಾರ ಕಳೆದಿದ್ದವು.

ನಾವು ಮಾಡುತ್ತಿದ್ದದ್ದು ಅಗ್ಗದ ಡ್ರೈವ್. ಅದರ ಗುಟ್ಟು ದೊಡ್ಡದೇನಲ್ಲ. ಇಂಥ ಡ್ರೈವ್ ಒಳಗಿನ ಫ್ಲಾಶ್ ಚಿಪ್ಪಿನಲ್ಲಿ ಬರೆದ ಜಾಗದ ಮೇಲೆ ಮತ್ತೆ ಬರೆಯಲಾಗುವುದಿಲ್ಲ. ಹೊಸ ಜಾಗದಲ್ಲಿ ಬರೆಯಬೇಕು, ಹಳೆಯದನ್ನು ಆಮೇಲೆ ಒಟ್ಟಿಗೆ ಅಳಿಸಬೇಕು. ಹಾಗಾಗಿ ಯಾವುದು ಎಲ್ಲಿದೆ ಎಂದು ಹೇಳುವ ದೊಡ್ಡ ಪಟ್ಟಿ ಬೇಕು. ದುಬಾರಿ ಡ್ರೈವ್‌ಗಳಲ್ಲಿ ಆ ಪಟ್ಟಿಗೆಂದೇ ಪ್ರತ್ಯೇಕ ಮೆಮೊರಿ ಚಿಪ್ ಇರುತ್ತದೆ. ಅಗ್ಗದ್ದರಲ್ಲಿ ಅದಿಲ್ಲ. ಎಲ್ಲ ನಡೆಸುವ ಕಂಟ್ರೋಲರಿನೊಳಗೆ ಇರುವ ಜಾಗದಲ್ಲಿ ಪಟ್ಟಿಯ ಕೆಲವೇ ಹಾಳೆ ಹಿಡಿಸುತ್ತವೆ. ಉಳಿದದ್ದಕ್ಕೆ ಕಂಪ್ಯೂಟರಿನ ಮೆಮೊರಿಯಲ್ಲೇ ಒಂದು ಚೂರು ಎರವಲು ಕೇಳುತ್ತೇವೆ. ಹೊಸದಾಗಿ ಬಂದದ್ದನ್ನು ಮೊದಲು ಫ್ಲಾಶ್‌ನ ಒಂದು ಭಾಗದಲ್ಲಿ ಬಿಡಿಬಿಡಿಯಾಗಿ, ಬೇಗ ಬರೆದುಬಿಡುತ್ತೇವೆ. ಬಿಡುವು ಸಿಕ್ಕಾಗ ಅಲ್ಲಿಂದ ಎತ್ತಿ ಬೇರೆಡೆ ಒತ್ತಾಗಿ ಜೋಡಿಸುತ್ತೇವೆ. ಇಷ್ಟು ಮಾಡಿದರೆ ಅಗ್ಗದ ಡ್ರೈವೂ ದುಬಾರಿಯದರ ಪಕ್ಕದಲ್ಲೇ ಓಡುತ್ತದೆ.

ಒಂದೇ ಎಚ್ಚರ ಬೇಕು. ಎರವಲು ಜಾಗ ನಮ್ಮದಲ್ಲ. ಕರೆಂಟ್ ಹೋದರೆ ಅದರಲ್ಲಿದ್ದದ್ದೆಲ್ಲ ಹೋಗುತ್ತದೆ. ಆದ್ದರಿಂದ ಪಟ್ಟಿಯಲ್ಲಿ ಏನೇ ಬದಲಾದರೂ ಅದನ್ನು ಫ್ಲಾಶ್‌ನಲ್ಲಿ ಬರೆದ ಮೇಲೆಯೇ ಹಳೇ ಜಾಗವನ್ನು ಅಳಿಸಬೇಕು. ಪ್ರತಿ ಸಲ ಹಾಗೆ ಬರೆಯುತ್ತಾ ಕೂತರೆ ವೇಗ ತಗ್ಗುತ್ತದೆ. ನಾವು ಆ ಬರೆಯುವುದನ್ನು ಮುಂದೂಡಿದ್ದೆವು, ಅಳಿಸುವುದನ್ನು ಮುಂದೂಡಿರಲಿಲ್ಲ.

ಎರಡು ತಿಂಗಳ ಹಿಂದೆ ಲ್ಯಾಬಿನಲ್ಲಿ ಒಂದು ಡ್ರೈವ್ ಸತ್ತಿತ್ತು. ಬರೆಯುತ್ತಿರುವಾಗ ಕರೆಂಟ್ ತೆಗೆದು ನೋಡುವ ಪರೀಕ್ಷೆ ಅದು. ಯಾರೋ ಹಬ್ಬದ ರಜೆಗೆ ಹೋಗುವಾಗ ಓಡಲು ಬಿಟ್ಟು ಹೋಗಿದ್ದ ಡ್ರೈವ್, ನಾಲ್ಕು ದಿನದ ಮೇಲೆ ಕರೆಂಟ್ ತೆಗೆದಾಗ ಮೇಲೇಳಲೇ ಇಲ್ಲ. ನಾನು ದೋಷವೆಂದು ದಾಖಲಿಸಿದೆ. ಮತ್ತೆ ಮತ್ತೆ ಮಾಡಿ ನೋಡಿದರೂ ಬರಲಿಲ್ಲ. ತಂಡದ ಮುಖ್ಯಸ್ಥ ನನ್ನ ಕುರ್ಚಿಯ ಹಿಂದೆ ನಿಂತು, "ರಿಪೀಟ್ ಆಗ್ತಿಲ್ಲ ಅಂದ್ರೆ ಚಿಪ್ಪಿನದೇ ತೊಂದರೆ ಇರಬೇಕು. ಕ್ಲೋಸ್ ಮಾಡಿ. ಗ್ರಾಹಕರಿಗೆ ತೋರಿಸೋ ಡೆಮೋ ಹತ್ರ ಬಂತು," ಅಂದರು. ದೋಷ ನಮ್ಮದಲ್ಲವೆಂದು ಬರೆದು ನಾನು ಕ್ಲೋಸ್ ಮಾಡಿದೆ.

ಅಮ್ಮನ ಫೋನ್ ಬಂದ ದಿನ ಸಂಜೆ ಮನೆಗೆ ಬಂದಾಗ ಅಮ್ಮ ಊಟದ ಮೇಜಿನ ಮುಂದೆ ಕೈಕಟ್ಟಿ ಕೂತಿದ್ದಳು. ಪರದೆ ಇನ್ನೂ ನೀಲಿಯಾಗಿತ್ತು.

"ಇದನ್ನ ಯಾವಾಗ ಆಫ್ ಮಾಡಿದ್ದೆ? ಇವತ್ತಿಗೆ ಮುಂಚೆ?" ಎಂದು ಕೇಳಿದೆ.

"ಆಫ್ ಯಾಕೆ ಮಾಡ್ಲಿ? ವಾರದಿಂದ ಆನ್ ಇಟ್ಟಿದೀನಿ, ಪುಣ್ಯಕ್ಕೆ ಕರೆಂಟೂ ಒಂದ್ಸಲನೂ ಹೋಗಿರಲಿಲ್ಲ. ಹಾಡಲ್ಲಿ ಗೊರಗೊರ ಸದ್ದಿತ್ತಲ್ಲ, ಅದನ್ನ ತೆಗೆದು ತೆಗೆದು ಸೇವ್ ಮಾಡ್ತಿದ್ದೆ. ಎಲ್ಲಾ ಆಗಿತ್ತು ಕಣೇ. ಇವತ್ತು ಕೊನೇದು."

ಲ್ಯಾಬಿನಲ್ಲಿ ಆ ದೋಷ ಯಾಕೆ ಮತ್ತೆ ಬರಲಿಲ್ಲ ಎಂಬುದು ಆಗ ತಿಳಿಯಿತು. ನಾವು ಐದು ನಿಮಿಷಕ್ಕೆ, ಹತ್ತು ನಿಮಿಷಕ್ಕೆ ಕರೆಂಟ್ ತೆಗೆಯುತ್ತಿದ್ದೆವು. ಮುಂದೂಡಿದ್ದು ಗುಡ್ಡೆಯಾಗಲು ಅಷ್ಟು ಹೊತ್ತು ಸಾಲದು. ಅಮ್ಮ ಒಂದು ವಾರ ಆರಿಸದೆ, ಎಲ್ಲ ಹಾಡುಗಳನ್ನೂ ಹೊಸದಾಗಿ ಬರೆಸಿದ್ದಳು. ಯಾವುದು ಎಲ್ಲಿ ಹೋಯಿತು ಎಂಬುದು ಎರವಲು ಜಾಗದಲ್ಲಿ ಮಾತ್ರ ಇತ್ತು. ಕರೆಂಟ್ ಹೋದಾಗ ಅದು ಹೋಗಿತ್ತು.

ಅದಕ್ಕಿಂತ ಕೆಟ್ಟದ್ದು ಹೊಳೆಯಲು ಇನ್ನೊಂದು ನಿಮಿಷ ಬೇಕಾಯಿತು. ಪಟ್ಟಿಯಲ್ಲಿಲ್ಲದ ಜಾಗವನ್ನು ಡ್ರೈವ್ ಕಸ ಎಂದುಕೊಳ್ಳುತ್ತದೆ. ಆನ್ ಆಗಿ ಕೆಲಸವಿಲ್ಲದೆ ಕೂತಾಗ ಆ ಕಸವನ್ನು ಅಳಿಸುತ್ತದೆ. ಅಮ್ಮನ ಹಾಡುಗಳು ಅಲ್ಲೇ ಇದ್ದವು, ಕಸದ ಹೆಸರಿನಲ್ಲಿ. ನಾನು ಮಧ್ಯಾಹ್ನವೆಲ್ಲ ಫೋನಿನಲ್ಲಿ ಆನ್ ಮಾಡು, ಹಾಗೇ ಬಿಟ್ಟಿರು ಎನ್ನುತ್ತಿದ್ದೆ.

ಪ್ಲಗ್ ಕಿತ್ತೆ. ಅಮ್ಮ, "ಹೋಯ್ತಾ?" ಅಂದಳು. ನಾನು, "ನೋಡ್ತೀನಿ," ಅಂದೆ.

ಶನಿವಾರ, ಭಾನುವಾರ ಎರಡೂ ದಿನ ಬೆಳಿಗ್ಗೆಯೇ ಲ್ಯಾಬಿಗೆ ಹೋದೆ. ಡ್ರೈವ್ ತಾನಾಗಿ ಏನನ್ನೂ ಅಳಿಸದಂತೆ ಕಟ್ಟಿಹಾಕಿ, ಫ್ಲಾಶ್‌ನ ಒಂದೊಂದು ಪುಟವನ್ನೂ ಓದುವ ಒಂದು ಪ್ರೋಗ್ರಾಂ ಬರೆದೆ. ಪ್ರತಿ ಪುಟದ ಅಂಚಿನಲ್ಲಿ ಅದು ಯಾವ ವಿಳಾಸದ್ದು, ಎಷ್ಟನೆಯದು ಎಂಬ ಗುರುತು ಇರುತ್ತದೆ. ಆ ಗುರುತುಗಳಿಂದ ಪಟ್ಟಿಯನ್ನು ಮತ್ತೆ ಕಟ್ಟಬಹುದು, ಪುಟ ಉಳಿದಿದ್ದರೆ. ಪರದೆಯ ಮೇಲೆ ಸಾಲುಗಳು ಓಡುತ್ತಿದ್ದವು. ಎಷ್ಟೋ ಹೊತ್ತು ತುಂಬಿದ ಪುಟಗಳೇ ಬಂದು ಆಸೆ ಹುಟ್ಟುತ್ತಿತ್ತು. ಆಮೇಲೆ ಖಾಲಿ, ಖಾಲಿ, ಖಾಲಿ. ನಾನು ಪ್ರೋಗ್ರಾಂನಲ್ಲಿ ತಪ್ಪಿದೆಯೇನೋ ಎಂದು ನಿಲ್ಲಿಸಿ ತಿದ್ದುವ ನೆವ ಹುಡುಕುತ್ತಿದ್ದೆ. ತಪ್ಪಿರಲಿಲ್ಲ. ದೇವರಿಗೆ ಹರಕೆ ಹೊರುವ ಅಭ್ಯಾಸ ನನಗಿಲ್ಲ. ಭಾನುವಾರ ಹನ್ನೊಂದು ಗಂಟೆಗೆ, ಖಾಲಿ ಲ್ಯಾಬಿನಲ್ಲಿ, ಗೊತ್ತಿದ್ದ ಎಲ್ಲ ದೇವರಿಗೂ ಹೊತ್ತೆ.

ಡ್ರೈವ್ ತಾನು ಯಾವಾಗ ಏನು ಅಳಿಸಿದೆ ಎಂಬುದನ್ನು ತನ್ನೊಳಗೆ ಬರೆದಿಟ್ಟುಕೊಂಡಿತ್ತು. ಕರೆಂಟ್ ಹೋದ ಮೇಲೆ ಐದು ಬಾರಿ ಆನ್ ಆಗಿತ್ತು. ಮೊದಲ ಬಾರಿ ಅಳಿಸಿದ್ದು ತೀರ ಸ್ವಲ್ಪ. ಉಳಿದ ನಾಲ್ಕು ನನ್ನವು, ಫೋನಿನಲ್ಲಿ ಹೇಳಿ ಮಾಡಿಸಿದ್ದು. ಕೊನೆಯ ಬಾರಿಯಂತೂ ಸಂಜೆಯವರೆಗೆ ಅಳಿಸುತ್ತಲೇ ಇತ್ತು.

ಸಿಕ್ಕಿದ್ದನ್ನೆಲ್ಲ ಜೋಡಿಸಿದಾಗ ಐವತ್ತೊಂದು ಕ್ಯಾಸೆಟ್ಟು ಪೂರ್ತಿ ಉಳಿದಿದ್ದವು. ಮೂವತ್ತರಷ್ಟು ಅಲ್ಲಲ್ಲಿ ತುಂಡಾಗಿದ್ದವು. ಉಳಿದದ್ದು ಹೆಸರು ಮಾತ್ರ. ತೆರೆದರೆ ಏನೂ ಇಲ್ಲ.

ಮಧ್ಯಾಹ್ನ ಮನೆಗೆ ಬಂದು ಅಮ್ಮನಿಗೆ ಹೇಳಿದೆ. ಸುಳ್ಳು ಹೇಳುವ ಯೋಚನೆ ಬಂದಿತ್ತು. ಕರೆಂಟಿನ ಮೇಲೆ ಹಾಕಿಬಿಡಬಹುದಿತ್ತು. ಅವಳು ಅನ್ನ ಬಡಿಸುತ್ತಿದ್ದವಳು ಸೌಟು ಕೆಳಗಿಟ್ಟಳು.

"ಹೇಗಾಯ್ತು ಅಂತ ಹೇಳು. ನನಗೆ ತಿಳಿಯೋ ಹಾಗೆ."

ಹೇಳಿದೆ. ಪಟ್ಟಿ, ಎರವಲು ಜಾಗ, ಮುಂದೂಡಿದ್ದು, ಅಳಿಸಿದ್ದು. ಮುಗಿದ ಮೇಲೆ ಕೇಳಿದಳು: "ಅಂದ್ರೆ, ರೋಗೀನ ಬೇರೆ ವಾರ್ಡಿಗೆ ಕಳಿಸಿ, ರಿಜಿಸ್ಟರಲ್ಲಿ ಬರೆಯೋ ಮುಂಚೆನೇ ಹಳೇ ಹಾಸಿಗೆ ಖಾಲಿ ಮಾಡಿಬಿಟ್ರಿ."

"ಹೂಂ."

"ಆಮೇಲೆ ಹೊಸ ವಾರ್ಡಲ್ಲಿರೋರು ರಿಜಿಸ್ಟರಲ್ಲಿ ಇಲ್ಲ ಅಂತ ಅವರನ್ನೂ ಆಚೆ ಹಾಕಿದ್ರಿ."

"ಹೂಂ."

"ಇದು ತಪ್ಪು ಅಂತ ನಿಮಗೆ ಗೊತ್ತಿರಲಿಲ್ವಾ?"

"ಒಂದ್ಸಲ ಕಂಡಿತ್ತಮ್ಮ. ನಾನೇ ಕ್ಲೋಸ್ ಮಾಡ್ದೆ."

ಅವಳು ಅನ್ನದ ಪಾತ್ರೆಗೆ ಮುಚ್ಚಳ ಮುಚ್ಚಿ ಒಳಗೆ ಹೋದಳು. ಇಬ್ಬರೂ ಉಣ್ಣಲಿಲ್ಲ.

ಸೋಮವಾರ ಡ್ರೈವಿನ ದಾಖಲೆಯನ್ನು ಪ್ರಿಂಟ್ ಮಾಡಿಕೊಂಡು ಮುಖ್ಯಸ್ಥರ ಕೋಣೆಗೆ ಹೋದೆ. ಡೆಮೋಗೆ ಹತ್ತು ದಿನವಿತ್ತು. ಅವರು ಓದುತ್ತಾ ಹೋದರು, ಮುಖ ಬಿಳಿಚಿಕೊಳ್ಳುತ್ತಾ ಹೋಯಿತು.

"ಇದೊಂದು ನಿಮ್ಮನೆ ಡ್ರೈವು. ಹಳೇ ಲ್ಯಾಪ್‌ಟಾಪು, ಬ್ಯಾಟರಿ ಇಲ್ಲ. ಯಾರು ಹಂಗೆ ಬಳಸ್ತಾರೆ?" ಅಂದರು.

"ಅಗ್ಗದ ಡ್ರೈವ್ ತಗೊಳ್ಳೋರು ಮತ್ತೆ ಯಾವ ಲ್ಯಾಪ್‌ಟಾಪಿಗೆ ಹಾಕ್ತಾರೆ?"

ಅವರು ಕನ್ನಡಕ ತೆಗೆದು ಕಣ್ಣು ಒತ್ತಿಕೊಂಡರು. "ಈ ಡೆಮೋ ಹೋದ್ರೆ ಏನಾಗುತ್ತೆ ಗೊತ್ತಲ್ವಾ? ಇಲ್ಲಿನ ತಂಡ ಯಾಕೆ ಬೇಕು ಅಂತ ಮೇಲಿನೋರು ಆಗ್ಲೇ ಕೇಳ್ತಿದಾರೆ. ಹನ್ನೆರಡು ಜನ. ಒಬ್ರಿಗೆ ಮೊನ್ನೆ ಮಗು ಆಯ್ತು. ನನಗೂ ಐವತ್ತು ದಾಟ್ತು, ಯಾರು ತಗೋತಾರೆ ನನ್ನ? ಡೆಮೋ ಮುಗೀಲಿ. ಆಮೇಲೆ ತೆಗೆಯೋಣ. ಕೈ ಮುಗೀತೀನಿ."

ಅವರು ನಿಜಕ್ಕೂ ಕೈ ಮುಗಿದರು. ಹದಿಮೂರು ವರ್ಷದಿಂದ ನನಗೆ ಕೆಲಸ ಕಲಿಸಿದವರು. ನನಗೆ ಕೋಪ ಬರಲಿಲ್ಲ. ಅವರ ಕಣ್ಣಲ್ಲಿದ್ದ ಭಯವನ್ನು ಎರಡು ದಿನ ಲ್ಯಾಬಿನ ಕಿಟಕಿಯ ಗಾಜಿನಲ್ಲಿ ನನ್ನ ಮುಖದಲ್ಲೇ ಕಂಡಿದ್ದೆ.

"ಆರು ಡ್ರೈವ್ ಇಟ್ಟು ನೋಡೋಣ. ಐದು ದಿನ ಬಿಡೋಣ. ಆಮೇಲೆ ಕರೆಂಟ್ ತೆಗೆಯೋಣ. ಒಂದೂ ಸಾಯದಿದ್ರೆ ನಾನು ಬಾಯಿ ಬಿಡಲ್ಲ," ಅಂದೆ.

ಐದು ದಿನದ ಮೇಲೆ ಸ್ವಿಚ್ ಆರಿಸಿದ್ದು ಅವರೇ. ಆರರಲ್ಲಿ ನಾಲ್ಕು ಮೇಲೇಳಲಿಲ್ಲ. ಅವರು ಬೆಂಚಿಗೆ ಕೈಯೂರಿ, "ಆ ದೋಷನ ಮತ್ತೆ ಓಪನ್ ಮಾಡಿ. ನನ್ನ ಹೆಸರೂ ಹಾಕಿ," ಅಂದರು.

ಮೊದಲು ಪಟ್ಟಿ ಬರೆದು, ಆಮೇಲೆ ಅಳಿಸುವಂತೆ ತಿದ್ದಲು ಎರಡೇ ದಿನ ಸಾಕಾಯಿತು. ಅಷ್ಟು ಸುಲಭವಾಗಿತ್ತೆಂಬುದೇ ನನ್ನನ್ನು ಸುಟ್ಟಿತು. ವೇಗ ಇಳಿಯಿತು. ಗ್ರಾಹಕರು ಬಂದರು, ಅಂಕಿ ನೋಡಿದರು, ಕಾಫಿ ಕುಡಿದರು, ಒಳ್ಳೆಯ ಮಾತಾಡಿ ಹೋದರು. ಆರ್ಡರ್ ಬರಲಿಲ್ಲ. ಮಳೆಗಾಲ ಮುಗಿಯುವ ಹೊತ್ತಿಗೆ ನಮ್ಮ ತಂಡವನ್ನು ಒಡೆದರು. ಐವರು ಉಳಿದೆವು; ನನ್ನನ್ನು ವೈಟ್‌ಫೀಲ್ಡಿನ ಕಚೇರಿಗೆ ಹಾಕಿದರು. ಮುಖ್ಯಸ್ಥರು ಉಳಿಯಲಿಲ್ಲ. ಹೋಗುವ ದಿನ ಲಿಫ್ಟಿನವರೆಗೆ ಜೊತೆಗೆ ನಡೆದೆ. ಮಗು ಆಗಿತ್ತು ಎಂದಿದ್ದರಲ್ಲ, ಆ ಹುಡುಗಿಯೂ ಹೋದವರಲ್ಲಿ ಒಬ್ಬಳು. ಅವಳು ನನ್ನ ಜೊತೆ ಇವತ್ತಿಗೂ ಮಾತಾಡುವುದಿಲ್ಲ.

ಈ ನಡುವೆ ಒಂದು ಭಾನುವಾರ ಅಮ್ಮ, "ನಡಿ, ಅಜ್ಜಿ ಹತ್ರ ಹೋಗೋಣ," ಅಂದಳು. ತುಂಡಾದ ಕ್ಯಾಸೆಟ್ಟುಗಳಲ್ಲಿ ಹಾಡಿದವರ ಪೈಕಿ ಬದುಕಿದ್ದವಳು ಪಕ್ಕದ ಹಳ್ಳಿಯ ಒಬ್ಬ ಅಜ್ಜಿ ಮಾತ್ರ. ಅವಳ ಮಗಳ ಬಾಣಂತನ ಅಮ್ಮನೇ ಮಾಡಿದ್ದಳು. ಈಗ ಅವರ ಹೊಲದಲ್ಲಿ ಔಷಧಿ ಕಾರ್ಖಾನೆ, ಹಳೇ ಮನೆಯ ಜಾಗದಲ್ಲಿ ಮೂರು ಅಂತಸ್ತಿನ ಕಟ್ಟಡ, ಶಿಫ್ಟಿನ ಕೆಲಸಗಾರರಿಗೆ ಬಾಡಿಗೆ. ಅಜ್ಜಿ ಗೇಟಿನ ಪಕ್ಕ ಕೂತು ಸೊಪ್ಪು ಬಿಡಿಸುತ್ತಿದ್ದಳು.

"ಬಾ ನರ್ಸಮ್ಮ. ಎಷ್ಟು ವರ್ಸ ಆಯ್ತು," ಅಂದಳು.

ನಾನು ಫೋನಿನಲ್ಲಿ ಅವಳ ಹಾಡು ಹಾಕಿದೆ. ಬೀಸುವ ಕಲ್ಲಿನ ಸದ್ದಿನ ಮೇಲೆ ಹರೆಯದ ದನಿ. ತವರಿಗೆ ಹೊರಟವಳು ದಾರಿಯಲ್ಲಿ ಸಿಕ್ಕ ಏಳು ಕೆರೆಗಳನ್ನು ಒಂದೊಂದಾಗಿ ಮಾತಾಡಿಸುವ ಪದ. ಮೂರನೇ ಕೆರೆಗೆ ಬಂದು ತಟ್ಟನೆ ನಿಂತುಹೋಯಿತು.

ಅಜ್ಜಿ ಫೋನನ್ನೇ ನೋಡುತ್ತಿದ್ದಳು. "ಇದು ನಾನಾ?"

"ನೀವೇ ಅಜ್ಜಿ. ಮುಂದಕ್ಕೆ ಹೇಳಿ. ನಾಲ್ಕನೇ ಕೆರೆ," ಅಂದಳು ಅಮ್ಮ. ಅವಳ ದನಿಯಲ್ಲಿ ಭಿಕ್ಷೆ ಬೇಡುವವರ ಅವಸರ ಇತ್ತು.

ಅಜ್ಜಿ ಕಣ್ಣು ಮುಚ್ಚಿದಳು. ತುಟಿ ಆಡಿದವು. ನಾಲ್ಕನೇ ಕೆರೆ ನಿಧಾನವಾಗಿ ಬಂತು, ಪೂರ್ತಿ ಬಂತು. ನಾನು ಉಸಿರು ಬಿಗಿಹಿಡಿದು ರೆಕಾರ್ಡ್ ಮಾಡಿಕೊಂಡೆ. ಐದನೆಯದರ ಮೊದಲ ಮಾತಿಗೆ ದನಿ ನಿಂತಿತು.

"ಗ್ಯಾನ ಇಲ್ಲ ಕಣವ್ವ."

"ಸ್ವಲ್ಪ ಯೋಚನೆ ಮಾಡಿ ಅಜ್ಜಿ."

"ಬೀಸಾಕೆ ಕುಂತ್ರೆ ತಾನಾಗೇ ಬತ್ತಿತ್ತು. ಈಗ ಮಿಲ್ಲಿಗೆ ಕಳುಸ್ತಾರೆ. ಕೈ ಆಡ್ದಿದ್ರೆ ಬಾಯಿ ಎಲ್ಲಾಡ್ತದೆ?"

ಅಮ್ಮ ತನಗೆ ನೆನಪಿದ್ದ ಎರಡು ಸಾಲು ಹೇಳಿದಳು. ಅಜ್ಜಿ ತಲೆಯಾಡಿಸಿದಳು. "ಅಂಗಲ್ಲ." ಅಮ್ಮ ಬೇರೆ ಥರ ಹೇಳಿದಳು. "ಅಂಗೂ ಅಲ್ಲ ನರ್ಸಮ್ಮ." ಹೇಗೆ ಎಂದರೆ ಅವಳಿಗೂ ಗೊತ್ತಿರಲಿಲ್ಲ. ಸೊಪ್ಪಿನ ಕಡ್ಡಿ ಕೈಯಲ್ಲೇ ಹಿಡಿದು ಅವಳು ಅಳತೊಡಗಿದಳು. ಮನೆಯೊಳಗಿಂದ ಸೊಸೆ ಬಂದು, "ಯಾಕಕ್ಕ, ಏನಾಯ್ತು?" ಅಂತ ನಮ್ಮನ್ನು ಗಾಬರಿಯಿಂದ ನೋಡಿದಳು. ಅಮ್ಮ ಅಜ್ಜಿಯ ಕೈ ಹಿಡಿದುಕೊಂಡು, "ಬಿಡಿ ಅಜ್ಜಿ, ಬಿಡಿ, ಸಾಕು," ಎನ್ನುತ್ತಿದ್ದಳು.

ವಾಪಸ್ ಬರುವ ಬಸ್ಸಿನಲ್ಲಿ ಅಮ್ಮ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದಳು. ಇಳಿಯುವ ಸ್ಟಾಪ್ ಹತ್ತಿರ ಬಂದಾಗ, ತಿರುಗದೆಯೇ ಹೇಳಿದಳು:

"ಭಾನುವಾರ ಕಾಪಿ ಮಾಡಿಕೊಡ್ತೀನಿ ಅಂದಿದ್ದೆ ನೀನು."

ಅದೊಂದೇ ಮಾತು. ಅದನ್ನು ಅವಳು ಆಮೇಲೆ ಎಂದೂ ಆಡಲಿಲ್ಲ. ನಾನು ಕ್ಷಮೆ ಕೇಳಲು ಬಾಯಿ ತೆರೆದೆ. ಕಂಡಕ್ಟರ್ ಇಳೀರಿ ಇಳೀರಿ ಎಂದು ಅವಸರ ಮಾಡಿದ. ಇಳಿದೆವು.

ಉಳಿದ ಹಾಡುಗಳು ಈಗ ನಾಲ್ಕು ಕಡೆ ಇವೆ. ಅಮ್ಮ ದಿನಾ ಬೆಳಿಗ್ಗೆ ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳುತ್ತಾಳೆ. ಕಳೆದ ವಾರ ನಾನು ಅವಳ ಫೋಲ್ಡರ್ ತೆರೆದು, ಏನೂ ಇಲ್ಲದ ಫೈಲುಗಳನ್ನೆಲ್ಲ ಆರಿಸಿ, "ಇವನ್ನ ತೆಗೆದುಬಿಡ್ಲಾ? ಸುಮ್ನೆ ಗೊಂದಲ," ಎಂದು ಕೇಳಿದೆ. ಅರವತ್ತಕ್ಕೂ ಹೆಚ್ಚಿದ್ದವು. ಒಂದೊಂದಕ್ಕೂ ಅಮ್ಮ ಹಳ್ಳಿಯ ಹೆಸರು, ಹಾಡಿದವಳ ಹೆಸರು, ಯಾರ ತಾಯಿ, ಯಾರ ಸೊಸೆ ಎಂದು ಉದ್ದಕ್ಕೆ ಬರೆದಿಟ್ಟಿದ್ದಳು.

ಅವಳು ಎದ್ದು ಬಂದು ನನ್ನ ಕೈಯನ್ನು ಮೌಸಿನ ಮೇಲಿಂದ ಎತ್ತಿ ಪಕ್ಕಕ್ಕಿಟ್ಟಳು.

"ಹೆಸರು ಇರ್ಲಿ," ಅಂದಳು. "ಅವರು ಹಾಡಿದ್ರು ಅಂತ ಬೇರೆಲ್ಲೂ ಬರೆದಿಲ್ಲ."